ತೀರ್ಪಿನ ನಂತರದ ಕಥೆಗಾರ

ಫ್ರಾನ್ಸಿನಲ್ಲಿ ಕೊಲೆ ಮೊಕದ್ದಮೆ ನಡೆಯುವ ಕೋಣೆಯೊಳಗೆ ಸಾಮಾನ್ಯವಾಗಿ ಕ್ಯಾಮೆರಾಕ್ಕೆ ಪ್ರವೇಶವಿಲ್ಲ. ಪತ್ರಕರ್ತ ಹೋಗಬಹುದು, ಜನಸಾಮಾನ್ಯರು ಹೋಗಿ ಬೆಂಚಿನ ಮೇಲೆ ಕೂರಬಹುದು, ಚಿತ್ರಕಾರ ಪೆನ್ಸಿಲ್ ಹಿಡಿದು ಆರೋಪಿಯ ಮುಖ ಬರೆದುಕೊಳ್ಳಬಹುದು. ಫೋಟೊ, ಧ್ವನಿಮುದ್ರಣ, ಚಿತ್ರೀಕರಣ ಮಾತ್ರ ಕೂಡದು. 1954ರ ಡಿಸೆಂಬರ್ 6ರ ಕಾನೂನು ಇದು. ಅದಕ್ಕೆ ಎಂಟು ದಿನ ಮೊದಲಷ್ಟೇ ಗಾಸ್ತೋಂ ದೊಮಿನಿಚಿ ಎಂಬ 77 ವರ್ಷದ ರೈತನಿಗೆ ಮರಣದಂಡನೆಯಾಗಿತ್ತು. ಅವನ ಹೊಲದ ಪಕ್ಕದ ರಸ್ತೆಯಲ್ಲಿ, 1952ರ ಆಗಸ್ಟಿನ ಒಂದು ರಾತ್ರಿ, ಬ್ರಿಟನ್ನಿನ ವಿಜ್ಞಾನಿಯೊಬ್ಬರು ಹೆಂಡತಿ ಮತ್ತು ಮಗಳ ಸಮೇತ ಕೊಲೆಯಾಗಿದ್ದರು. ವಿಚಾರಣೆಯ ಉದ್ದಕ್ಕೂ ಫ್ಲ್ಯಾಷ್ ಬಲ್ಬುಗಳ ಮಳೆ. ಇಂಥ ಮೊಕದ್ದಮೆಗಳ ಗದ್ದಲಕ್ಕೆ ರೋಸಿದ ಸಂಸತ್ತು ಕ್ಯಾಮೆರಾಗಳಿಗೆ ಬಾಗಿಲು ಹಾಕಿಬಿಟ್ಟಿತು. ಮುದುಕನ ಶಿಕ್ಷೆ ಮುಂದೆ ಜೀವಾವಧಿಗೆ ಇಳಿಯಿತು. 1960ರಲ್ಲಿ ಅಧ್ಯಕ್ಷ ದ ಗೋಲ್ ಅವನನ್ನು ಬಿಡುಗಡೆ ಮಾಡಿದರು. ಕೊಲೆ ಮಾಡಿದ್ದು ನಿಜವಾಗಿ ಯಾರು ಎಂಬ ಜಗಳ ಫ್ರಾನ್ಸಿನಲ್ಲಿ ಇನ್ನೂ ಮುಗಿದಿಲ್ಲ.

ಈ ಹಳೆಯ ಕಾನೂನನ್ನು ಮೊದಲಿಗೇ ಹೇಳಲು ಕಾರಣವಿದೆ. ಕ್ರಿಸ್ತೋಫ್ ಓಂದಲಾತ್ ಎಂಬ ಪತ್ರಕರ್ತ ಅಪರಾಧದ ಕಥೆ ಹೇಳಿಯೇ ಫ್ರಾನ್ಸಿನ ಮನೆಮಾತಾದವರು. ಅವರ ವೃತ್ತಿಜೀವನವನ್ನು ಅವರ ಪ್ರತಿಭೆಯೊಂದರಿಂದಲೇ ವಿವರಿಸಲು ಹೊರಟರೆ ಅರ್ಧ ಮಾತ್ರ ಹೇಳಿದಂತಾಗುತ್ತದೆ. ಉಳಿದರ್ಧ ಇರುವುದು ಆ ಮುಚ್ಚಿದ ಬಾಗಿಲಲ್ಲಿ. ಒಳಗೆ ನಡೆದದ್ದನ್ನು ಯಾರೂ ತೋರಿಸುವಂತಿಲ್ಲ ಎಂದಾದಾಗ, ಹೊರಗೆ ಬಂದು ಹೇಳುವವನ ಬೆಲೆ ಏರುತ್ತದೆ.

ಮೊದಲು ಹಾಗೆ ಬೆಲೆ ಏರಿಸಿಕೊಂಡವರು ಫ್ರೆಡೆರಿಕ್ ಪೊಟ್‌ಷೇರ್. 1905ರಲ್ಲಿ ವೋಜ್ ಬೆಟ್ಟಸೀಮೆಯ ಬ್ಯುಸಾಂಗ್ ಎಂಬ ಊರಲ್ಲಿ ಹುಟ್ಟಿದವರು. ಅವರ ಚಿಕ್ಕಪ್ಪ ಅದೇ ಊರಲ್ಲಿ 1895ರಲ್ಲಿ ಜನರ ರಂಗಭೂಮಿಯೊಂದನ್ನು ಕಟ್ಟಿದ್ದರು. ಅದು ಇವತ್ತಿಗೂ ನಡೆಯುತ್ತಿದೆ. ನಾಟಕದ ಮನೆಯ ಹುಡುಗ ನ್ಯಾಯಾಲಯದ ವರದಿಗಾರನಾದರೆ ಏನಾಗಬೇಕೋ ಅದೇ ಆಯಿತು. ಮಾರ್ಷಲ್ ಪೆತಾಂ ವಿಚಾರಣೆಯಿಂದ ಹಿಡಿದು ದೊಡ್ಡ ಕೊಲೆ ಮೊಕದ್ದಮೆಗಳವರೆಗೆ ಅವರು ಒಳಗೆ ಕೂತು ಟಿಪ್ಪಣಿ ಮಾಡಿಕೊಳ್ಳುವುದು, ಹೊರಗೆ ಬಂದು ರೇಡಿಯೊದಲ್ಲಿ, ಆಮೇಲೆ ಟಿವಿಯಲ್ಲಿ, ನ್ಯಾಯಾಧೀಶರ ಗತ್ತು, ವಕೀಲರ ಅಬ್ಬರ, ಸಾಕ್ಷಿಯ ತೊದಲು ಎಲ್ಲವನ್ನೂ ತಮ್ಮೊಬ್ಬರ ಗಂಟಲಲ್ಲೇ ಆಡಿ ತೋರಿಸುವುದು. ಕಾನೂನು ಯಂತ್ರವನ್ನು ತಡೆದಿತ್ತು, ಮಿಮಿಕ್ರಿಯನ್ನು ತಡೆದಿರಲಿಲ್ಲ.

ಓಂದಲಾತ್ ಈ ಪರಂಪರೆಯ ಕೂಸು, ಆದರೆ ಮಿಮಿಕ್ರಿ ಅವರದಲ್ಲ. 1962ರಲ್ಲಿ ಸ್ಪೇನ್ ಗಡಿಗೆ ಹತ್ತಿರದ ಬಯೋನ್‌ನಲ್ಲಿ ಹುಟ್ಟಿದ ಅವರು ರೇಡಿಯೊ ಸುದ್ದಿಯಲ್ಲಿ ಪಳಗಿ ಟಿವಿಗೆ ಬಂದವರು. ಸರ್ಕಾರಿ ವಾಹಿನಿ ಫ್ರಾನ್ಸ್ 2, 2000ದಲ್ಲಿ ‘ಫೆಟ್ ಆಂತ್ರೆ ಲಾಕ್ಯೂಜೆ’ ಎಂಬ ಕಾರ್ಯಕ್ರಮ ಶುರುಮಾಡಿತು. ‘ಆರೋಪಿಯನ್ನು ಒಳಗೆ ಕರೆತನ್ನಿ’ ಎಂದು ಪ್ರಧಾನ ನ್ಯಾಯಾಧೀಶರು ವಿಚಾರಣೆಯ ಆರಂಭದಲ್ಲಿ ಕೊಡುವ ಆಜ್ಞೆಯೇ ಹೆಸರು. ಪ್ರೈಮ್ ಟೈಮ್ ಮುಗಿದು ಮಕ್ಕಳು ಮಲಗಿದ ಮೇಲಿನ ಹೊತ್ತು. ಒಂದು ಕಂತಿಗೆ ಒಂದೇ ಪ್ರಕರಣ, ಸುಮಾರು ಒಂದೂವರೆ ಗಂಟೆ. ಕಪ್ಪು ಚರ್ಮದ ಜಾಕೆಟ್ ತೊಟ್ಟ ಓಂದಲಾತ್ ಘಟನೆ ನಡೆದ ಊರಿಗೆ ಹೋಗುತ್ತಾರೆ. ಅರೆಗತ್ತಲ ಕೋಣೆಯಲ್ಲಿ ಕಡತಗಳ ನಡುವೆ ಕೂತು ತನಿಖಾಧಿಕಾರಿ, ವಕೀಲ, ಮನೋವೈದ್ಯ, ನೆರೆಮನೆಯವರನ್ನು ಒಬ್ಬೊಬ್ಬರಾಗಿ ಮಾತಾಡಿಸುತ್ತಾರೆ. ಪ್ರಶ್ನೆಗಳು ತೀರಾ ಸಣ್ಣವು. ಆಗ ನೀವೇನು ಮಾಡಿದಿರಿ? ಬಾಗಿಲು ತೆರೆದಿತ್ತೇ? ಅವನು ಏನಂದ? ಕೊಲೆಯ ತತ್ವಜ್ಞಾನ ಕೇಳುವ ಚಪಲ ಅವರಿಗಿಲ್ಲ. ನಿವೃತ್ತ ಪೊಲೀಸ್ ಅಧಿಕಾರಿಯೊಬ್ಬ ಇಪ್ಪತ್ತು ವರ್ಷದ ಹಿಂದಿನ ಒಂದು ಬೆಳಗನ್ನು ನೆನೆಯುತ್ತ ಮಧ್ಯೆ ನಿಂತರೆ, ಓಂದಲಾತ್ ಸುಮ್ಮನೆ ಕಾಯುತ್ತಾರೆ. ಆ ಕಾಯುವಿಕೆಯೇ ಅರ್ಧ ಕಾರ್ಯಕ್ರಮ. ಜಾಕೆಟ್ಟು, ಕತ್ತಲು, ಹಿನ್ನೆಲೆ ಸಂಗೀತ ನನಗೆ ಸ್ವಲ್ಪ ಹೆಚ್ಚೆನಿಸುತ್ತವೆ. ಆದರೆ ಜನ ನೆನಪಿಟ್ಟುಕೊಂಡದ್ದು ಅವನ್ನೇ. ಮಿಮಿಕ್ರಿ ಕಲಾವಿದರು ಹಿಡಿದದ್ದೂ ಅವನ್ನೇ.

ಇಂಥ ಕಾರ್ಯಕ್ರಮ ಇಷ್ಟು ಗಟ್ಟಿಯಾಗಿ ನೆಲೆಯೂರಲು ಫ್ರೆಂಚ್ ನ್ಯಾಯಪದ್ಧತಿಯ ಒಂದು ವಿಚಿತ್ರ ಕಾರಣವಾಯಿತು ಎಂಬುದು ನನ್ನ ಲೆಕ್ಕ. ಅಲ್ಲಿ ಕೊಲೆಯಂಥ ಘೋರ ಅಪರಾಧಗಳನ್ನು ವಿಚಾರಿಸುವುದು ‘ಕೂರ್ ದಾಸೀಜ್’ ಎಂಬ ನ್ಯಾಯಾಲಯ. ಮತದಾರರ ಪಟ್ಟಿಯಿಂದ ಚೀಟಿ ಎತ್ತಿ ಆರಿಸಿದ ಸಾಮಾನ್ಯ ನಾಗರಿಕರು ಮೂವರು ನ್ಯಾಯಾಧೀಶರ ಜತೆ ಕೂತು ತೀರ್ಪು ಕೊಡುತ್ತಾರೆ. ಓಂದಲಾತ್ ಕಾಲದಲ್ಲಿ ಈ ಜ್ಯೂರಿ ಸದಸ್ಯರು ಒಂಬತ್ತು ಮಂದಿ. 2012ರಿಂದ ಆರು ಮಂದಿ. ಸಾವಿರಾರು ಪುಟಗಳ ತನಿಖಾ ಕಡತ ಇವರ ಕೈಗೆ ಬರುವುದಿಲ್ಲ. ಕೋಣೆಯಲ್ಲಿ ಬಾಯಿಬಿಟ್ಟು ಆಡಿದ ಮಾತಷ್ಟೇ ಆಧಾರ. ಎಲ್ಲ ಕೇಳಿದ ಮೇಲೆ ಕಾನೂನು ಅವರನ್ನು ಕೇಳುವುದು ಒಂದೇ: ನಿಮ್ಮ ಅಂತರಂಗಕ್ಕೆ ಏನನಿಸಿತು? ಒಳಗೆ ನಡೆದ ಚರ್ಚೆಯನ್ನು ಅವರು ಸಾಯುವವರೆಗೂ ಯಾರಿಗೂ ಹೇಳುವಂತಿಲ್ಲ.

ಇನ್ನೊಂದು ಸಂಗತಿ ಕೇಳಿದರೆ ನಮ್ಮ ವಕೀಲ ಮಿತ್ರರು ಹೌಹಾರಬಹುದು. 2011ರ ಕೊನೆಯವರೆಗೂ ಈ ನ್ಯಾಯಾಲಯ ತನ್ನ ತೀರ್ಪಿಗೆ ಕಾರಣ ಬರೆಯಬೇಕಾಗಿರಲಿಲ್ಲ. ಇಂಥವನು ಇಂಥವರನ್ನು ಕೊಂದದ್ದು ನಿಜವೇ ಎಂಬ ಪ್ರಶ್ನೆಗೆ ಹೌದು ಅಥವಾ ಇಲ್ಲ ಅಂದರೆ ಮುಗಿಯಿತು. ಇಪ್ಪತ್ತು ವರ್ಷ ಜೈಲಿಗೆ ಹೋಗುವವನಿಗೂ, ಮಗಳನ್ನು ಕಳೆದುಕೊಂಡ ತಾಯಿಗೂ ‘ಯಾಕೆ’ ಎಂಬುದಕ್ಕೆ ಒಂದು ಸಾಲಿನ ಉತ್ತರವೂ ಸಿಗುತ್ತಿರಲಿಲ್ಲ. ಬೆಲ್ಜಿಯಮ್ಮಿನ ಪ್ರಕರಣವೊಂದರಲ್ಲಿ ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ 2010ರಲ್ಲಿ ಇಂಥ ಪದ್ಧತಿಯ ಬಗ್ಗೆ ತಕರಾರೆತ್ತಿದ ಮೇಲೆ ಫ್ರಾನ್ಸ್ ಕಾನೂನು ತಿದ್ದಿತು. 2012ರ ಜನವರಿಯಿಂದ ಕಾರಣಗಳ ಹಾಳೆಯೊಂದನ್ನು ತೀರ್ಪಿಗೆ ಲಗತ್ತಿಸಬೇಕಾಯಿತು. ಓಂದಲಾತ್ ಈ ಕಾರ್ಯಕ್ರಮದಲ್ಲಿದ್ದದ್ದು 2000ದಿಂದ 2011ರವರೆಗೆ. ಅಂದರೆ ಅವರ ಅಷ್ಟೂ ವರ್ಷ ನ್ಯಾಯಾಲಯ ಕಾರಣ ಹೇಳದ ವರ್ಷಗಳು. ರಾಜ್ಯವ್ಯವಸ್ಥೆ ಬಿಟ್ಟಿದ್ದ ಖಾಲಿ ಜಾಗದಲ್ಲಿ ಟಿವಿಯವನೊಬ್ಬ ಕುರ್ಚಿ ಹಾಕಿಕೊಂಡು ಕೂತ.

ಗೀ ಜಾರ್ಜ್ ಪ್ರಕರಣವನ್ನೇ ನೋಡಿ. 1991ರಿಂದ 1997ರವರೆಗೆ ಪ್ಯಾರಿಸ್‌ನಲ್ಲಿ ಏಳು ಮಂದಿ ಯುವತಿಯರನ್ನು ಕೊಂದವನು. ಸ್ಥಳದಲ್ಲಿ ಸಿಕ್ಕ ಡಿಎನ್‌ಎ ಪೊಲೀಸರ ಬಳಿ ಇತ್ತು, ಆದರೆ ಹೋಲಿಸಿ ನೋಡಲು ರಾಷ್ಟ್ರೀಯ ದತ್ತಾಂಶ ಇರಲಿಲ್ಲ. ಕೊನೆಗೆ ತನಿಖಾ ನ್ಯಾಯಾಧೀಶರು ಪ್ರಯೋಗಾಲಯಗಳಿಗೆ ಹೇಳಿ, ಅವರವರ ಬಳಿ ಇದ್ದ ಹಳೆಯ ಮಾದರಿಗಳನ್ನು ಕೈಯಾರೆ ತಾಳೆ ಹಾಕಿಸಿದರು. 1998ರ ಮಾರ್ಚಿನಲ್ಲಿ ನಾಂತ್ ನಗರದ ಪ್ರಯೋಗಾಲಯವೊಂದರಲ್ಲಿ ಹೆಸರು ಸಿಕ್ಕಿತು. ಡಿಎನ್‌ಎ ದತ್ತಾಂಶದ ಕಾನೂನು ಬಂದದ್ದು ಅದೇ ಜೂನ್‌ನಲ್ಲಿ. 2001ರಲ್ಲಿ ವಿಚಾರಣೆ ಶುರುವಾದಾಗ ಆತ ಎಲ್ಲವನ್ನೂ ನಿರಾಕರಿಸಿದ. ದಿನಗಟ್ಟಲೆ ನಿರಾಕರಿಸಿ, ಒಂದು ಮಧ್ಯಾಹ್ನ ಕುಸಿದು ಅಳುತ್ತ ಒಪ್ಪಿಕೊಂಡ. ಫ್ರಾನ್ಸಿನ ಅಪರಾಧ ಇತಿಹಾಸದಲ್ಲೇ ದೊಡ್ಡ ಗಳಿಗೆಗಳಲ್ಲಿ ಒಂದು ಅದು. ಅದರ ಒಂದು ತುಣುಕು ಚಿತ್ರವೂ ಟಿವಿಯವರ ಕೈಗೆ ಸಿಗುವಂತಿರಲಿಲ್ಲ. ಕೋಣೆಯಲ್ಲಿದ್ದ ವಕೀಲರು, ವರದಿಗಾರರು, ಮೃತರ ಕುಟುಂಬದವರು ಹೇಳಿದ್ದಷ್ಟೇ ನಮಗೆ ಗೊತ್ತು. ಇಂಥ ಕಡೆ ನಾಲ್ಕು ಬಾಯಿಗಳಿಂದ ಒಂದೇ ಗಳಿಗೆಯನ್ನು ಹೊರಡಿಸಿ ಜೋಡಿಸುವುದೇ ಕಸುಬುದಾರಿಕೆ.

ಈ ಕಾರ್ಯಕ್ರಮದ ಕಸುಬಿಗೆ ಗೌರವ ತಂದದ್ದು ತಾಳ್ಮೆ. ತೀರ್ಪು ಬಂದ ಮೊಕದ್ದಮೆಗಳನ್ನೇ ಹೆಚ್ಚಾಗಿ ಎತ್ತಿಕೊಳ್ಳುವುದರಿಂದ ತನಿಖೆಯ ಗೋಪ್ಯತೆ ಮುರಿಯುವ ಪ್ರಮೇಯ ಕಡಿಮೆ, ಅಧಿಕಾರಿಗಳು ಬಾಯಿ ಬಿಡುತ್ತಾರೆ, ನಿರ್ದೋಷಿಯನ್ನು ಹರಾಜು ಹಾಕುವ ಅಪಾಯವೂ ಕಡಿಮೆ. ಕಡಿಮೆ ಅಂದೆ, ಇಲ್ಲವೇ ಇಲ್ಲ ಅನ್ನಲಿಲ್ಲ. ಮೆಟ್ಸ್ ನಗರದ ಬಳಿಯ ಮೋಂತಿನ್ಯಿಯಲ್ಲಿ 1986ರ ಸೆಪ್ಟೆಂಬರಿನಲ್ಲಿ ಎಂಟು ವರ್ಷದ ಇಬ್ಬರು ಹುಡುಗರು ರೈಲುಹಳಿಯ ದಿಬ್ಬದ ಬಳಿ ಕೊಲೆಯಾದರು. ಅಡುಗೆ ಕಲಿಯುತ್ತಿದ್ದ 16ರ ಹುಡುಗನೊಬ್ಬ ಪೊಲೀಸರ ಎದುರು ತಪ್ಪೊಪ್ಪಿಕೊಂಡ, ಆಮೇಲೆ ಹಿಂತೆಗೆದುಕೊಂಡ. 1989ರಲ್ಲಿ ಅವನಿಗೆ ಜೀವಾವಧಿ ಶಿಕ್ಷೆ. ಇತ್ತ ಜಾಂಡಾರ್ಮ್ ಪಡೆಯ ತನಿಖಾಧಿಕಾರಿ ಜಾನ್-ಫ್ರಾಂಸ್ವಾ ಅಬ್ಗ್ರಾಲ್ ಬೇರೊಂದು ಕೊಲೆಯ ಬೆನ್ನು ಹತ್ತಿ, ಅಲೆಮಾರಿ ಸರಣಿ ಹಂತಕ ಫ್ರಾನ್ಸಿಸ್ ಓಲ್ಮ್‌ನನ್ನು ಗಂಟೆಗಟ್ಟಲೆ ಮಾತಾಡಿಸುತ್ತಿದ್ದರು. ಆ ಮಾತುಗಳ ನಡುವೆ ರೈಲುಹಳಿ, ದಿಬ್ಬ, ಹುಡುಗರು ಸುಳಿದುಹೋದರು. ಮರುವಿಚಾರಣೆಯಲ್ಲೂ ಮೊದಲು 25 ವರ್ಷ ಶಿಕ್ಷೆಯಾಯಿತು; ಕೊನೆಗೆ 2002ರ ಏಪ್ರಿಲ್‌ನಲ್ಲಿ ಲಿಯೋಂ ನ್ಯಾಯಾಲಯ ಹುಡುಗನನ್ನು ಬಿಡುಗಡೆ ಮಾಡಿತು. ಹುಡುಗ ಎಂದೆನೇ? ಆಗ ಅವನಿಗೆ 31 ದಾಟಿತ್ತು. ಓಲ್ಮ್‌ಗೆ ಈ ಕೊಲೆಗಳಿಗಾಗಿ ಜೀವಾವಧಿ ಆದದ್ದು 2017ರಲ್ಲಿ. ಇದೇ ಕಥೆಯನ್ನು 1990ರಲ್ಲಿ ಯಾರಾದರೂ ಅರೆಗತ್ತಲ ಕೋಣೆಯಲ್ಲಿ ಕೂತು ಹೇಳಿದ್ದರೆ, ತೀರ್ಪು ಬಂದ ಮೇಲೆಯೇ ಹೇಳುತ್ತಿದ್ದೇವೆ ಎಂಬ ನೆಮ್ಮದಿಯಲ್ಲೇ ಒಬ್ಬ ಅಮಾಯಕನನ್ನು ರಾಕ್ಷಸನನ್ನಾಗಿ ಮಾಡುತ್ತಿದ್ದರು.

ಕಾಯದೆ ಹೋದವರ ಪಾಡು ಇನ್ನೊಂದು ಬಗೆ. ಓಂದಲಾತ್‌ಗಿಂತ ಮೊದಲು ಖಾಸಗಿ ವಾಹಿನಿ ಟಿಎಫ್1ರಲ್ಲಿ ಜಾಕ್ ಪ್ರಾದೆಲ್ ಮಿಂಚುತ್ತಿದ್ದರು. ಕಾಣೆಯಾದವರನ್ನು ಹುಡುಕುವ ಅವರ ಕಾರ್ಯಕ್ರಮ 1990ರಿಂದಲೇ ಜನಪ್ರಿಯ. 1993ರಲ್ಲಿ ಅವರು ‘ತೆಮ್ವಾಂ ನ್ಯುಮೆರೊ ಅಂ’, ಅಂದರೆ ಒಂದನೇ ಸಾಕ್ಷಿ, ಎಂಬುದನ್ನು ಶುರುಮಾಡಿದರು. ಬಗೆಹರಿಯದ ಕೊಲೆಗಳನ್ನು ತೋರಿಸಿ, ಗೊತ್ತಿದ್ದವರು ಫೋನ್ ಮಾಡಿ ಎಂದು ಕರೆಕೊಡುವುದು. ಜರ್ಮನಿಯಲ್ಲಿ 1967ರಿಂದ, ಬ್ರಿಟನ್ನಿನಲ್ಲಿ 1984ರಿಂದ ಇಂಥ ಕಾರ್ಯಕ್ರಮಗಳಿದ್ದವು. ಅಲ್ಲಿ ಪೊಲೀಸರಿಗೆ ಇದರಿಂದ ಉಪಯೋಗವೂ ಆಗಿದೆ. ಫ್ರಾನ್ಸಿನಲ್ಲಿ ಮಾತ್ರ ಇದು ಗಂಟಲಲ್ಲಿ ಸಿಕ್ಕಿಕೊಂಡಿತು. ಅಲ್ಲಿ ದೊಡ್ಡ ಅಪರಾಧಗಳ ತನಿಖೆಯ ಹೊಣೆ ನ್ಯಾಯಾಧೀಶರದು, ಮತ್ತು ತನಿಖೆ ಕಾನೂನುಪ್ರಕಾರ ಗೋಪ್ಯ. ನಡೆಯುತ್ತಿರುವ ತನಿಖೆಯನ್ನು ಮನರಂಜನೆಯ ವಾಹಿನಿಯೊಂದು ಬೀದಿಗೆ ತರುವುದೇ ಎಂದು ನ್ಯಾಯಾಧೀಶರ ವಲಯದಿಂದ ಪ್ರತಿರೋಧ ಬಂತು. ಮೂರೇ ವರ್ಷ, ಕಾರ್ಯಕ್ರಮ ನಿಂತಿತು. ಅಷ್ಟರಲ್ಲಿ ಪ್ರಾದೆಲ್ 1995ರಲ್ಲಿ ಅಮೆರಿಕದ ರೋಸ್‌ವೆಲ್‌ನಲ್ಲಿ ಸಿಕ್ಕಿದ ಅನ್ಯಗ್ರಹ ಜೀವಿಯ ಶವಪರೀಕ್ಷೆ ಎಂಬ ಚಿತ್ರವನ್ನು ದೊಡ್ಡ ಸದ್ದಿನೊಂದಿಗೆ ತೋರಿಸಿ ನಗೆಪಾಟಲಾದರು. ಅದನ್ನು ಮಾರಿದ ಬ್ರಿಟಿಷ್ ನಿರ್ಮಾಪಕ 2006ರಲ್ಲಿ ‘ಅದು ಮರುಸೃಷ್ಟಿ’ ಎಂದು ಒಪ್ಪಿಕೊಂಡ. ಪ್ರಾದೆಲ್ ಅವರ ಟಿವಿ ಬದುಕಿಗೆ ಬಿದ್ದ ಏಟು ಮಾತ್ರ ಅಷ್ಟು ಕಾಲ ಕಾಯಲಿಲ್ಲ.

ಇನ್ನೂ ಹತ್ತಿರದ ಉದಾಹರಣೆ ಡೊಮಿನಿಕ್ ರಿಝೆ. ಓಂದಲಾತ್ ಕಾರ್ಯಕ್ರಮದಲ್ಲಿ ಅಪರಾಧ ವರದಿಗಾರರಾಗಿ ಬರುತ್ತಿದ್ದ, ಕಡತಗಳನ್ನು ಅರೆದು ಕುಡಿದ ಅನುಭವಿ. 2015ರ ಜನವರಿ 9ರಂದು ಪ್ಯಾರಿಸ್‌ನ ಯಹೂದಿ ಅಂಗಡಿಯೊಂದರಲ್ಲಿ ಉಗ್ರನೊಬ್ಬ ಜನರನ್ನು ಒತ್ತೆಯಿಟ್ಟುಕೊಂಡಿದ್ದಾಗ ಇದೇ ರಿಝೆ ಬಿಎಫ್ಎಂ ಟಿವಿಯ ನೇರಪ್ರಸಾರದಲ್ಲಿದ್ದರು. ಹೆಂಗಸೊಬ್ಬರು ಒಳಗೆ ಶೀತಲ ಕೋಣೆಯಲ್ಲಿ ಅಡಗಿದ್ದಾರೆ ಎಂಬ ಮಾಹಿತಿ ಅವರ ಬಾಯಿಂದ ಹೊರಬಿತ್ತು. ಒಳಗಿದ್ದ ಬಂದೂಕುಧಾರಿ ಟಿವಿ ನೋಡುತ್ತಿದ್ದರೆ? ಶೀತಲ ಕೋಣೆಯಲ್ಲಿದ್ದವರು ಬದುಕಿ ಬಂದರು. ಬಂದವರಲ್ಲಿ ಕೆಲವರು ವಾಹಿನಿಯ ಮೇಲೆ ದೂರು ಕೊಟ್ಟರು. ಪ್ರಸಾರ ನಿಯಂತ್ರಣ ಮಂಡಳಿ ಆ ದಿನಗಳ ಪ್ರಸಾರಕ್ಕಾಗಿ ಹಲವು ವಾಹಿನಿಗಳಿಗೆ ಎಚ್ಚರಿಕೆ ಕೊಟ್ಟಿತು. ಅದೇ ಮನುಷ್ಯ, ಅದೇ ಪರಿಣತಿ. ಹತ್ತು ವರ್ಷ ಹಳೆಯ ಕಡತದ ಮುಂದೆ ಕೂತಾಗ ಅದು ಜ್ಞಾನವಾಗುತ್ತದೆ, ನೇರಪ್ರಸಾರದ ಮೈಕಿನ ಮುಂದೆ ಅಪಾಯವಾಗುತ್ತದೆ. ದೋಷ ರಿಝೆ ಅವರದಷ್ಟೇ ಎಂದು ನನಗನಿಸುವುದಿಲ್ಲ. ಪ್ರತಿ ನಿಮಿಷಕ್ಕೂ ಹೊಸದೇನು ಎಂದು ಕೇಳುವ ವ್ಯವಸ್ಥೆಯಲ್ಲಿ ಗೊತ್ತಿರುವವನಿಗೇ ಬಾಯಿ ಕಟ್ಟಿಕೊಳ್ಳುವುದು ಕಷ್ಟ.

ಓಂದಲಾತ್ ಮೇಲೂ ಟಿವಿ ಕರುಣೆ ತೋರಲಿಲ್ಲ. 2004ರಲ್ಲಿ ಫ್ರಾನ್ಸ್ 2 ಅವರನ್ನು ಮಧ್ಯಾಹ್ನ ಒಂದರ ಸುದ್ದಿಗೆ ಕೂರಿಸಿತು. ಮರುವರ್ಷವೇ ಆ ಕುರ್ಚಿ ಎಲೀಸ್ ಲ್ಯುಸೆ ಪಾಲಾಯಿತು. ಅಪರಾಧದ ಅರೆಗತ್ತಲಿಗೆ ಒಗ್ಗಿದ ಗಾಂಭೀರ್ಯ ಊಟದ ಹೊತ್ತಿನ ಸುದ್ದಿಗೆ ಒಗ್ಗಲಿಲ್ಲವೇನೋ. 2011ರಲ್ಲಿ ಅವರು ಹಾಡುಗಾರನಾಗಲು ಹೊರಟರು. ‘ಡಾಕ್ಟರ್ ಹೌಸ್’ ಎಂಬ ಅವರ ಹಾಡನ್ನು ದೇಶವೇ ಆಡಿಕೊಂಡು ನಕ್ಕಿತು. ಕೊಲೆಗಾರರ ಬಗ್ಗೆ ತಗ್ಗಿದ ದನಿಯಲ್ಲಿ ಮಾತಾಡುವ ಮನುಷ್ಯ ಗಿಟಾರಿನ ಜತೆ ಬಂದರೆ ಜನ ಒಪ್ಪುವುದು ಕಷ್ಟವೇ. ಅದೇ ವರ್ಷ ಅವರು ‘ಫೆಟ್ ಆಂತ್ರೆ ಲಾಕ್ಯೂಜೆ’ ಬಿಟ್ಟರು. ಫ್ರೆಡೆರಿಕ್ ಲಾಂತಿಯೇರಿ ಎಂಬ ಪತ್ರಕರ್ತೆ ಬಂದರು, ಜಾಕೆಟ್ಟಿನ ನಾಟಕ ತಗ್ಗಿಸಿ ಚೆನ್ನಾಗಿಯೇ ನಡೆಸಿದರು. ಮುಂದೆ ಕಾರ್ಯಕ್ರಮ ಸರ್ಕಾರಿ ವಾಹಿನಿಯಿಂದ ಆರ್‌ಎಂಸಿ ಸ್ಟೋರಿ ಎಂಬ ಖಾಸಗಿ ವಾಹಿನಿಗೆ ಹೋಯಿತು.

ಟಿವಿಯಲ್ಲಿ ಕೆಡಿಸಿಕೊಂಡ ಹೆಸರನ್ನು ಪ್ರಾದೆಲ್, ಓಂದಲಾತ್ ಇಬ್ಬರೂ ರೇಡಿಯೊದಲ್ಲಿ ಸರಿಪಡಿಸಿಕೊಂಡ ರೀತಿ ಕುತೂಹಲದ್ದು. ಪ್ರಾದೆಲ್ 2007ರಲ್ಲಿ ಯೂರೋಪ್ 1 ರೇಡಿಯೊಕ್ಕೆ, 2010ರಲ್ಲಿ ಆರ್‌ಟಿಎಲ್‌ಗೆ ಹೋಗಿ ‘ಅಪರಾಧದ ಗಂಟೆ’ ಎಂಬ ಕಾರ್ಯಕ್ರಮವನ್ನು ವರ್ಷಗಟ್ಟಲೆ ನಡೆಸಿದರು. ಓಂದಲಾತ್ 2016ರಲ್ಲಿ ಯೂರೋಪ್ 1ರಲ್ಲಿ ‘ಓಂದಲಾತ್ ಹೇಳುತ್ತಾರೆ’ ಎಂಬ ದೈನಿಕ ಕಾರ್ಯಕ್ರಮ ಆರಂಭಿಸಿದರು. ಮೊದಲು ತಾವೇ ಬರೆದ ಕಥನವನ್ನು ಓದುವುದು, ಆಮೇಲೆ ಆ ಪ್ರಕರಣ ಬಲ್ಲ ವಕೀಲರನ್ನೋ ಪತ್ರಕರ್ತರನ್ನೋ ಕೂರಿಸಿಕೊಂಡು ಮಾತಾಡುವುದು. ಪಾಡ್‌ಕಾಸ್ಟ್ ಆಗಿ ಅದು ದೇಶದಲ್ಲೇ ಹೆಚ್ಚು ಕೇಳಿಸಿಕೊಳ್ಳುವ ಕಾರ್ಯಕ್ರಮಗಳ ಸಾಲಿಗೆ ಸೇರಿತು. ಅದೇ ಯೂರೋಪ್ 1ರಲ್ಲಿ ಹಿಂದೆ ಪಿಯೆರ್ ಬೆಲ್ಮಾರ್ ಎಂಬ ಮೀಸೆಯ ಮಹಾರಾಯರು ಅಪರಾಧದ ಕಥೆ ಹೇಳಿ ಒಂದು ತಲೆಮಾರನ್ನೇ ರೇಡಿಯೊ ಮುಂದೆ ಕೂರಿಸಿದ್ದರು. ಟಿವಿಯಲ್ಲಿ ರಸಪ್ರಶ್ನೆ ನಡೆಸಿ, ಎಂಬತ್ತರ ದಶಕದಲ್ಲಿ ಮನೆಸಾಮಾನು ಮಾರುವ ಕಾರ್ಯಕ್ರಮವನ್ನೂ ಮಾಡಿದ ಆಸಾಮಿ. 2018ರಲ್ಲಿ 88ರ ವಯಸ್ಸಿನಲ್ಲಿ ತೀರಿಕೊಂಡಾಗ ಜನ ನೆನೆದದ್ದು ಮಾತ್ರ ಆ ದನಿಯನ್ನು. ರೇಡಿಯೊದಲ್ಲಿ ತೋರಿಸಲು ಏನೂ ಇಲ್ಲ. ಶವದ ಫೋಟೊ ಇಲ್ಲ, ಅಳುವ ತಾಯಿಯ ಕ್ಲೋಸಪ್ ಇಲ್ಲ. ಪೊಟ್‌ಷೇರ್ ನಿಂತಿದ್ದ ಜಾಗಕ್ಕೇ ಪ್ರಾದೆಲ್, ಓಂದಲಾತ್ ವಾಪಸಾದರು ಎನ್ನಬಹುದು.

ಆದರೂ ಒಂದು ತಕರಾರು ಉಳಿಯುತ್ತದೆ, ರೇಡಿಯೊ ಟಿವಿ ಎರಡಕ್ಕೂ. ತೀರ್ಪಿನ ನಂತರ ಮೊಕದ್ದಮೆ ಮುಗಿಯುತ್ತದೆ, ಮರುಪ್ರಸಾರ ಮುಗಿಯುವುದಿಲ್ಲ. ವೈದ್ಯನೆಂದು ಹದಿನೆಂಟು ವರ್ಷ ಸುಳ್ಳು ಹೇಳಿ, 1993ರಲ್ಲಿ ಹೆಂಡತಿ, ಮಕ್ಕಳು, ತಂದೆತಾಯಿಯನ್ನು ಕೊಂದ ಜಾನ್-ಕ್ಲೋದ್ ರೋಮಾಂ 2019ರಲ್ಲಿ ಷರತ್ತಿನ ಮೇಲೆ ಬಿಡುಗಡೆಯಾಗಿ ಮಠವೊಂದಕ್ಕೆ ಹೋದ. ಕಾನೂನಿನ ಲೆಕ್ಕ ಅಲ್ಲಿಗೆ ಒಂದು ಹಂತ ದಾಟಿತು. ಅವನ ಕಥೆ ಮಾತ್ರ ಪುಸ್ತಕ, ಸಿನಿಮಾ, ಟಿವಿ, ಪಾಡ್‌ಕಾಸ್ಟ್‌ಗಳಲ್ಲಿ ಸುತ್ತುತ್ತಲೇ ಇದೆ. ಅಪರಾಧಿಯ ಮರೆವಿನ ಹಕ್ಕಿನ ಬಗ್ಗೆ ಫ್ರೆಂಚರು ಬಹಳ ವಾದಿಸುತ್ತಾರೆ. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು ಸತ್ತವರ ಮನೆಯವರ ಪಾಡು. ಭಾನುವಾರ ಮಧ್ಯಾಹ್ನ ಚಾನೆಲ್ ತಿರುಗಿಸುತ್ತಿರುವಾಗ ತಂಗಿಯ ಫೋಟೊ ದಿಢೀರನೆ ಎದುರಾಗುವುದೆಂದರೆ ಏನು? ಮರುಪ್ರಸಾರಕ್ಕೆ ಮುನ್ನ ಒಂದು ಫೋನ್ ಮಾಡಿ ತಿಳಿಸಲು ವಾಹಿನಿಗಳಿಗೆ ಖರ್ಚೇನೂ ಆಗದು.

1954ರ ಬಾಗಿಲು ಈಗ ಸ್ವಲ್ಪ ತೆರೆದಿದೆ. ಕೊಲೆ ಮೊಕದ್ದಮೆಗಳ ವಕೀಲರಾಗಿ ಹೆಸರು ಮಾಡಿ ಕಾನೂನು ಮಂತ್ರಿಯಾದ ಎರಿಕ್ ದ್ಯುಪೋಂ-ಮೊರೆತ್ತಿ 2021ರ ಡಿಸೆಂಬರಿನಲ್ಲಿ ತಂದ ಕಾನೂನು, ಸಾರ್ವಜನಿಕ ಹಿತಕ್ಕಾಗಿ ವಿಚಾರಣೆಗಳ ಚಿತ್ರೀಕರಣಕ್ಕೆ ಅನುಮತಿ ಕೊಟ್ಟಿತು. 2022ರಲ್ಲಿ ಫ್ರಾನ್ಸ್ 3 ವಾಹಿನಿ ಅದನ್ನಾಧರಿಸಿದ ಮೊದಲ ಸರಣಿ ತೋರಿಸಿತು. ಷರತ್ತುಗಳಲ್ಲಿ ಬಲವಾದದ್ದು ಇದು: ಅಂತಿಮ ತೀರ್ಪು ಬರುವವರೆಗೆ ಪ್ರಸಾರವಿಲ್ಲ. ಓಂದಲಾತ್ ತಂಡ ತನ್ನಷ್ಟಕ್ಕೆ ಪಾಲಿಸುತ್ತಿದ್ದ ಶಿಸ್ತು ಈಗ ಕಾನೂನಿನ ಪುಸ್ತಕದಲ್ಲಿದೆ.

ಕ್ಯಾಮೆರಾ ಒಳಗೆ ಹೋದದ್ದರಿಂದ ಕಥೆಗಾರನಿಗೆ ಕೆಲಸ ತಪ್ಪುತ್ತದೆ ಎಂದು ನನಗನಿಸುವುದಿಲ್ಲ. ಮೂರು ವಾರದ ವಿಚಾರಣೆಯನ್ನು ಯಾರೂ ಕೂತು ನೋಡುವುದಿಲ್ಲ; ಯಾರಾದರೂ ಆರಿಸಿ, ಜೋಡಿಸಿ ಹೇಳಲೇಬೇಕು. ಓಂದಲಾತ್ ಅದನ್ನು ಟಿವಿಗಿಂತ ರೇಡಿಯೊದಲ್ಲಿ ಚೆನ್ನಾಗಿ ಮಾಡಿದ್ದಾರೆ ಎಂಬುದು ನನ್ನ ತೀರ್ಮಾನ. ಮನೆಯಲ್ಲಿ ಫ್ರೆಂಚ್ ಕಲಿಯುತ್ತಿರುವವರು ಯಾರಾದರೂ ಇದ್ದರೆ ಓಂದಲಾತ್ ಪಾಡ್‌ಕಾಸ್ಟಿನಿಂದ ಒಂದು ಕಂತು ಕೇಳಿಸಿ: ವಾಕ್ಯಗಳು ಚಿಕ್ಕವು, ಉಚ್ಚಾರ ಸ್ಪಷ್ಟ, ಕಥೆ ಕೊನೆಯವರೆಗೂ ಎಳೆದುಕೊಂಡು ಹೋಗುತ್ತದೆ. ಮಕ್ಕಳಿಗೆ ಮಾತ್ರ ಬೇಡ.